ಮೂರು ಲಾಗಿನ್, ಒಂದು ವಾಲಿದ ಗೋಡೆ

ಕಟ್ಟಡ ಅನುಮತಿ ಕಚೇರಿಯಲ್ಲಿ ಗುಮಾಸ್ತರು, ಮೇಲ್ವಿಚಾರಕರು ಮತ್ತು ಅಧಿಕಾರಿಗಳು ಕೆಲಸ ಮಾಡುತ್ತಾರೆ. ಎಲ್ಲರಿಗೂ ಸೇರಿ ಒಂದು ಕಂಪ್ಯೂಟರ್, ಒಂದು ಕುರ್ಚಿ ಮತ್ತು ಒಂದು ಕನ್ನಡಕ ಇದೆ. ಮೇಲಿನ ಇಬ್ಬರಿಗೆ ವರ್ಗವಾದ ಬಳಿಕ ಅವರ ಹುದ್ದೆಗಳ ಪ್ರಭಾರವನ್ನು ಗುಮಾಸ್ತರಿಗೇ ವಹಿಸಲಾಗಿದ್ದು, ಅವರು ಆಯಾ ಖಾತೆಗೆ ಲಾಗಿನ್ ಆಗಿ ಆಯಾ ಹುದ್ದೆಯ ಘನತೆಗೆ ತಕ್ಕಂತೆ ವರ್ತಿಸತಕ್ಕದ್ದು ಎಂದು ಆದೇಶವಾಗಿದೆ.

ಟೈಲರಮ್ಮ ಅರ್ಜಿ ಹಿಡಿದು ಬಂದಳು. ಅಂಗಡಿಯ ಹಿಂಗೋಡೆ ಒಳಕ್ಕೆ ವಾಲಿತ್ತು, ಕೆಡವಲು ಅನುಮತಿ ಬೇಕಿತ್ತು.

"ಅಯ್ಯೋ, ಬಿದ್ರೆ ಗತಿ ಏನಕ್ಕ? ಇವತ್ತೇ ಮೇಲಕ್ಕೆ ಕಳಿಸ್ತೀನಿ," ಎಂದು ಗುಮಾಸ್ತರು ಕಣ್ಣಲ್ಲಿ ನೀರು ತಂದುಕೊಂಡು ಶಿಫಾರಸು ಬರೆದರು. ಲಾಗೌಟ್ ಆದರು. ಮೇಲ್ವಿಚಾರಕರ ಖಾತೆ ತೆರೆದು, ಗಂಟಲು ಸರಿಮಾಡಿಕೊಂಡು ಅದನ್ನೇ ಓದಿ ಹುಬ್ಬು ಗಂಟಿಕ್ಕಿದರು. 'ಗುಮಾಸ್ತರು ಭಾವುಕರಾಗಿದ್ದಾರೆ. ಎಚ್ಚರಿಕೆ ನೀಡಲಾಗಿದೆ' ಎಂದು ಷರಾ ಹಾಕಿ ಕಡತ ಹಿಂದಿರುಗಿಸಿದರು. ಮತ್ತೆ ಗುಮಾಸ್ತರ ಖಾತೆಗೆ ಬಂದು ಆ ಷರಾ ಕಂಡವರೇ ಕುಗ್ಗಿಹೋದರು.

"ನೋಡಿದ್ರಾ ಅಕ್ಕ, ಬಡವರ ಪರ ಒಂದು ಮಾತು ಬರೆದ್ರೆ ನಮಗಿಲ್ಲಿ ಇದೇ ಮರ್ಯಾದೆ."

"ಅದನ್ನ ಬರೆದಿದ್ದೂ ನೀವೇ ತಾನೇ ಅಣ್ಣ?"

"ಮೆಲ್ಲಗೆ! ಮೇಲಿನವರ ವಿಷಯ ಇಲ್ಲಿ ಕೂತು ಮಾತಾಡೋ ಹಾಗಿಲ್ಲ."

ಕಡತ ಮುಂದೆ ಸರಿಯಲು ಒಂದು ಅಂಗಿ ಹೊಲಿದುಕೊಡುವುದು ವಾಡಿಕೆಯೆಂದು ಅವರು ಸಂಕೋಚದಿಂದ ತಿಳಿಸಿದರು. ಟೈಲರಮ್ಮ ಹೊಲಿದು ತಂದಳು. ಅದು ಗುಮಾಸ್ತರ ಅಂಗಿಯೆಂದು ಮೇಲ್ವಿಚಾರಕರು ಮುಟ್ಟಲೂ ಇಲ್ಲ. ತಮ್ಮ ಅಳತೆ ಬೇರೆ ತೆಗೆಯುವಂತೆ ಸೂಚಿಸಿದರು. ಟೇಪು ಹಿಡಿದು ನೋಡಿದರೆ ಎದೆ ನಿಜಕ್ಕೂ ಎರಡಿಂಚು ಹೆಚ್ಚಿತ್ತು. ಅಧಿಕಾರಿಗಳಿಗಂತೂ ಅಂಗಿ ಸಾಲದು, ಕೋಟೇ ಆಗಬೇಕಿತ್ತು.

ಟೈಲರಮ್ಮ ಕಚೇರಿಯಲ್ಲಿ ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡು ಅಧಿಕಾರಿಗಳ ಕೋಟಿನ ತೋಳು ಸರಿಪಡಿಸುತ್ತಿದ್ದಾಗ, ಅವಳ ಪಕ್ಕದಂಗಡಿಯ ಸೈಕಲ್ ರಿಪೇರಿಯವನು ಏದುಸಿರು ಬಿಡುತ್ತಾ ಓಡಿಬಂದ.

"ಗೋಡೆ ಬಿತ್ತಕ್ಕ! ಮಿಷಿನ್ನು ಅದರಡಿ ಸಿಕ್ಕೊಂಡಿದೆ!"

ಅವಳು ಸೂಜಿಗಳನ್ನು ಒಂದೊಂದಾಗಿ ಬಾಯಿಂದ ತೆಗೆದಳು. "ನಾನು ಆ ಗೋಡೆಗೆ ಬೆನ್ನು ಮಾಡ್ಕೊಂಡೇ ಕೂತ್ಕೊಳ್ಳೋದು," ಎಂದಳು.

ಅಧಿಕಾರಿಗಳು ಕೋಟು ಬಿಚ್ಚಿ, ಲಾಗೌಟ್ ಆಗಿ, ಗುಮಾಸ್ತರ ಖಾತೆಗೆ ಹೋಗಿ ಬಿಕ್ಕಿಬಿಕ್ಕಿ ಅತ್ತರು. ಕಣ್ಣೊರೆಸಿಕೊಂಡು ತಮ್ಮ ಖಾತೆಗೆ ಮರಳಿ ಆದೇಶ ಹೊರಡಿಸಿದರು:

'ಗೋಡೆ ಕೆಡವಲು ಅನುಮತಿ ನೀಡಲಾಗಿದೆ. ಆದರೆ ಸದರಿ ಗೋಡೆಯು ಅನುಮತಿಗೆ ಕಾಯದೆ ತಾನಾಗಿಯೇ ಬಿದ್ದಿರುವುದರಿಂದ, ಅದನ್ನು ಅರ್ಜಿಯಲ್ಲಿ ನಮೂದಿಸಿದ ಸ್ಥಿತಿಯಲ್ಲಿ ಪುನಃ ನಿಲ್ಲಿಸಿ, ತದನಂತರ ಕೆಡವತಕ್ಕದ್ದು. ಅಲ್ಲಿಯವರೆಗೆ ಅಂಗಡಿ ತೆರೆಯುವಂತಿಲ್ಲ.'

ಅಂತೂ ಅನುಮತಿ ಸಿಕ್ಕಿತಲ್ಲ ಎಂದು ಬೀದಿಯವರೆಲ್ಲ ಸಂತೋಷಪಟ್ಟರು. ಸೈಕಲ್ ರಿಪೇರಿಯವನು ಒಡೆಯದ ಇಟ್ಟಿಗೆಗಳನ್ನು ಆರಿಸಿಕೊಟ್ಟ. ಗಾರೆಯವನು ಎದೆಮಟ್ಟದವರೆಗೆ ಗೋಡೆ ಎಬ್ಬಿಸಿ, ತೂಗುಗುಂಡನ್ನು ಪಕ್ಕಕ್ಕಿಟ್ಟು ಕೇಳಿದ.

"ಇಲ್ಲಿಂದ ಎಷ್ಟು ವಾಲಿಸ್ಲಿ ಅಕ್ಕ?"

ಟೈಲರಮ್ಮ ಎರಡು ಹೆಜ್ಜೆ ಹಿಂದೆ ಸರಿದು, ಒಂದು ಕಣ್ಣು ಮುಚ್ಚಿ ನೋಡಿದಳು.

"ಇನ್ನೂ ಸ್ವಲ್ಪ. ನಾನು ಕೂತ್ಕೊಳ್ಳೋ ಕಡೆಗೆ."