ತುಂಡುಗೆರೆಯ ಅತ್ತಿಗೆ

ನನ್ನ ಉದ್ಯೋಗದ ಹೆಸರು ಹೇಳಿಕೊಳ್ಳಲು ನನಗೆ ಇಂದಿಗೂ ಸಂಕೋಚ. ‘ಸಮಾಜ ಕಾರ್ಯಕರ್ತ’ ಎಂದ ತಕ್ಷಣ ಎದುರಿನವರು ನನ್ನ ಅಂಗಿ ನೋಡುತ್ತಾರೆ. ತಪ್ಪು ಅವರದ್ದಲ್ಲ. ಚುನಾವಣೆ ಹತ್ತಿರ ಬಂದಾಗ ನಮ್ಮ ಕಾರವಾರದ ಸರ್ಕಲ್ಲುಗಳಲ್ಲಿ ಕೈಮುಗಿದು ನಿಲ್ಲುವ ಫ್ಲೆಕ್ಸುಗಳಲ್ಲಿ ಎಲ್ಲರ ಹೆಸರಿನ ಕೆಳಗೂ ಹೆಚ್ಚುಕಡಿಮೆ ಇದೇ ಪದವಿ ಇರುತ್ತದೆ. ನನ್ನ ಮಾವನವರು ಹೆಣ್ಣು ಕೊಡುವ ಮುಂಚೆ ಕೇಳಿದ್ದು ಒಂದೇ ಪ್ರಶ್ನೆ: “ಯಾವ ಪಕ್ಷ?” ಯಾವ ಪಕ್ಷವೂ ಅಲ್ಲ, ಆಸ್ಪತ್ರೆಯಲ್ಲಿ ಕೆಲಸ, ತಿಂಗಳಿಗೆ ಸಂಬಳ ಬರುತ್ತದೆ ಎಂದೆ. ಅವರು ಜಗಿಯುತ್ತಿದ್ದ ಎಲೆಯಡಿಕೆಯ ಕವಳವನ್ನು ಇನ್ನೊಂದು ದವಡೆಗೆ ಸರಿಸಿ, “ಸಂಬಳ ತಕಂಡು ಸೇವೆ ಮಾಡೂದಾ?” ಎಂದರು. ಹೆಣ್ಣು ಕೊಟ್ಟರು. ಆ ಪ್ರಶ್ನೆಗೆ ಉತ್ತರ ಮಾತ್ರ ಇನ್ನೂ ನನ್ನ ಹತ್ತಿರ ಬಾಕಿ ಇದೆ.

ನಾನು ಮಾಡುವುದು ಇಷ್ಟೇ. ಡಾಕ್ಟರು ಚೀಟಿ ಬರೆದು ಎದ್ದು ಹೋದ ಮೇಲೆ ರೋಗಿಯ ಬಳಿ ಕೆಲವು ತೊಂದರೆಗಳು ಉಳಿದುಕೊಳ್ಳುತ್ತವೆ. ಅವಕ್ಕೆ ಮಾತ್ರೆ ಇರುವುದಿಲ್ಲ. ಅಲ್ಲಿ ನನ್ನನ್ನು ಕರೆಯುತ್ತಾರೆ. ಧಾರವಾಡದಲ್ಲಿ ಓದುವಾಗ ನಮ್ಮ ಮೇಷ್ಟ್ರು ಎರಡು ವರ್ಷ ತಲೆಗೆ ತುಂಬಿದ್ದು ಎರಡೇ ಮಾತು. ಸಲಹೆ ಕೊಡಬೇಡಿ, ಕೇಳಿಸಿಕೊಳ್ಳಿ. ನಿರ್ಧಾರ ಅವರದ್ದು, ನಿಮ್ಮದಲ್ಲ. ಇದು ಕೇಳಲು ಸುಲಭ. ಆದರೆ ಯಾರಾದರೂ ಕೆಮ್ಮಿದರೆ ಸಾಕು, ಶುಂಠಿ ಕಷಾಯ ಹೇಳದಿದ್ದರೆ ಹೊಟ್ಟೆ ಉಬ್ಬರಿಸುವ ಊರಿನಲ್ಲಿ ಹುಟ್ಟಿದವನಿಗೆ ಸಲಹೆ ಕೊಡದೆ ಕೂರುವುದು ಉಪವಾಸಕ್ಕಿಂತ ಕಷ್ಟ. ಅಂತೂ ವರ್ಷಾನುಗಟ್ಟಲೆ ಅಭ್ಯಾಸ ಮಾಡಿ ‘ಹೂಂ’ ಎನ್ನುವುದನ್ನು ಹತ್ತಾರು ರೀತಿಯಲ್ಲಿ ಕಲಿತೆ. ಎದುರಿನವರು ಹೇಳಿದ್ದನ್ನೇ ತಿರುಗಿಸಿ ಅವರಿಗೆ ಹೇಳಿ, ಅವರ ಮನಸ್ಸು ಅವರಿಗೇ ಕಾಣುವಂತೆ ಮಾಡುವ ವಿದ್ಯೆಯನ್ನೂ ಕಲಿತೆ. ಈ ವಿದ್ಯೆ ಮನೆಯಲ್ಲಿ ನಡೆಯುವುದಿಲ್ಲ. ಒಮ್ಮೆ ಹೆಂಡತಿ ಅಡುಗೆಮನೆಯಿಂದ “ಗ್ಯಾಸ್ ಮುಗೀತು” ಎಂದಾಗ ನಾನು ಅಭ್ಯಾಸಬಲದಿಂದ, “ಗ್ಯಾಸ್ ಮುಗಿದದ್ದರಿಂದ ನಿನಗೆ ಬೇಸರ ಆಗಿದೆ” ಎಂದುಬಿಟ್ಟೆ. “ಬೇಸರ ಆಗ್ಲಿಲ್ಲ. ಗ್ಯಾಸ್ ಮುಗಿದದೆ” ಎಂದಳು. ಆಮೇಲೆ ಸಿಲಿಂಡರು ಬರುವವರೆಗೂ ಮಾತಾಡಲಿಲ್ಲ.

ಇಷ್ಟೆಲ್ಲ ಪೀಠಿಕೆ ಹಾಕುತ್ತಿರುವುದು ಒಂದು ತಪ್ಪೊಪ್ಪಿಗೆಗಾಗಿ. ವೃತ್ತಿಯಲ್ಲಿ ನಾನು ಸುಳ್ಳು ಹೇಳಿಲ್ಲ. ಆದರೆ ಪಾಂಡುರಂಗನ ವಿಷಯದಲ್ಲಿ ನಿಜ ಹೇಳಲು ಹದಿನೈದು ದಿನ ತಡಮಾಡಿದೆ.

ಪಾಂಡುರಂಗ ಅಂಕೋಲಾ ಬದಿಯ ಅವರ್ಸಾದವನು. ಐವತ್ತು ದಾಟಿದ ವಯಸ್ಸು, ಮದುವೆಯಾಗಿಲ್ಲ. ಮಲ್ಲಾಪುರದ ಅಣುಸ್ಥಾವರ ನೌಕರರ ಕ್ವಾರ್ಟರ್ಸಿನ ಹತ್ತಿರ ಹೊಲಿಗೆ ಅಂಗಡಿ ಇಟ್ಟು ಅಲ್ಲಿನ ಮಕ್ಕಳಿಗೆಲ್ಲ ಯೂನಿಫಾರ್ಮ್ ಹೊಲಿದವನು. ಎರಡೂ ಕಿಡ್ನಿ ಕೈಕೊಟ್ಟ ಮೇಲೆ ಅಂಗಡಿ ಮುಚ್ಚಿ ಊರಿಗೆ ಬಂದ. ವಾರಕ್ಕೆರಡು ಸಲ, ಮಂಗಳವಾರ ಮತ್ತು ಶುಕ್ರವಾರ, ನಮ್ಮ ಆಸ್ಪತ್ರೆಯಲ್ಲಿ ನಾಲ್ಕು ತಾಸು ಡಯಾಲಿಸಿಸ್. ಅದು ಮುಗಿದ ಮೇಲೆ ಮನುಷ್ಯನಿಗೆ ತಲೆ ತಿರುಗುತ್ತದೆ, ರಕ್ತದೊತ್ತಡ ಇಳಿಯುತ್ತದೆ. ಜೊತೆಗೊಬ್ಬರು ಇರಲೇಬೇಕು. ಇವನು ಕೊಡೆ ಹಿಡಿದುಕೊಂಡು ಒಬ್ಬನೇ ಬಸ್ಸಿನಲ್ಲಿ ಬರುತ್ತಿದ್ದ. ಒಂದು ದಿನ ವಾಪಸು ಹೋಗುವಾಗ ಬಸ್‌ಸ್ಟ್ಯಾಂಡಿನಲ್ಲಿ ಬಿದ್ದು ಹಣೆ ಒಡೆದುಕೊಂಡ. ಆಮೇಲೆ ಎರಡು ಪಾಳಿ ಬರಲೇ ಇಲ್ಲ. ಡಾಕ್ಟರು ನನ್ನನ್ನು ಕರೆದು, “ಮೂರನೇದೂ ತಪ್ಪಿದ್ರೆ ನಾಲ್ಕನೇದಕ್ಕೆ ಅವನು ಇರೋದಿಲ್ಲ. ಏನಾದ್ರೂ ಮಾಡಿ” ಎಂದರು. ಸಂಬಂಧಿಕರ ಕಾಲಮ್ಮಿನಲ್ಲಿ ಅವನು ‘ಯಾರೂ ಇಲ್ಲ’ ಎಂದು ಬರೆಸಿದ್ದ.

ಅಂಕೋಲಾ ಸೀಮೆಯಲ್ಲಿ ಯಾರೂ ಇಲ್ಲದ ಮನುಷ್ಯನನ್ನು ನಾನು ಈವರೆಗೆ ಕಂಡಿಲ್ಲ. ಬಸ್ಸಿನಲ್ಲಿ ಪಕ್ಕದ ಸೀಟಿನವರ ಹತ್ತಿರ ಹತ್ತು ನಿಮಿಷ ಮಾತಾಡಿದರೆ ಹೇಗೋ ಏನೋ ದೂರದ ನಂಟು ಹೊರಬೀಳುತ್ತದೆ. ಆದ್ದರಿಂದ ಬುಧವಾರ ಬೆಳಿಗ್ಗೆಯೇ ಅವನ ಮನೆಗೆ ಹೋಗಿ ಜಗಲಿಯ ಮೇಲೆ ಕೂತು, ದೊಡ್ಡ ಹಾಳೆ ಹರಡಿ, ನಮ್ಮ ವೃತ್ತಿಯ ಒಂದು ಹತಾರ ಹೊರತೆಗೆದೆ. ಅದು ಕುಟುಂಬದ ನಕ್ಷೆ. ಗಂಡಸರಿಗೆ ಚೌಕ, ಹೆಂಗಸರಿಗೆ ಸುತ್ತು. ತೀರಿಕೊಂಡವರ ಮೇಲೆ ಹೊಡೆದುಹಾಕಿದಂತೆ ಒಂದು ಕಾಟು. ರೋಗಿಗೂ ಅವರಿಗೂ ನಡುವೆ ಒಂದು ಗೆರೆ: ಹತ್ತಿರದವರಾದರೆ ಅಖಂಡ ಗೆರೆ, ದೂರವಾದವರಿಗೆ ತುಂಡುಗೆರೆ. ರೋಗಿ ಹೇಳುತ್ತ ಹೋಗಬೇಕು, ನಾವು ಎಳೆಯುತ್ತ ಹೋಗಬೇಕು. ಕೊನೆಗೆ ತನಗೆ ಯಾರು ಆಗುತ್ತಾರೆ ಎಂದು ಅವನಿಗೇ ಕಾಣುತ್ತದೆ ಎನ್ನುತ್ತದೆ ಪುಸ್ತಕ.

ಪಾಂಡುರಂಗ ಹಾಳೆಯನ್ನು ಕಣ್ಣಿಗೆ ಹತ್ತಿರ ಹಿಡಿದು ನೋಡಿದ. “ಸರ್, ಇದು ಉಲ್ಟಾ ಅದೆಯಲ. ನಮ್ಮ ಕೆಲಸದಲ್ಲಿ ತುಂಡುಗೆರೆ ಅಂದ್ರೆ ಹೊಲಿಗೆ. ಅಖಂಡ ಗೆರೆ ಮೇಲೆ ಕತ್ತರಿ ಹಾಕೂದು” ಎಂದ. ನಾನು ‘ಹೂಂ’ ಎಂದೆ. ಬೇಲಿಯಾಚೆಯ ಮನೆಯಲ್ಲೇ ಇದ್ದ ಅತ್ತಿಗೆ ಸಾವಿತ್ರಿಗೆ ತುಂಡುಗೆರೆ ಬಿತ್ತು. ಅಣ್ಣ ತೀರಿಕೊಂಡಿದ್ದಾನೆ. ಅತ್ತಿಗೆ ಮಾತು ಬಿಟ್ಟು ಐದು ವರ್ಷ. ಯಾಕೆಂದರೆ ಅವಳ ಮಗಳ ಮದುವೆಗೆ ಇವನು ಹೊಲಿದ ರವಿಕೆ ಮುಹೂರ್ತದ ಹೊತ್ತಿಗೆ ಕಂಕುಳಲ್ಲಿ ಬಿಚ್ಚಿಕೊಂಡಿತ್ತಂತೆ. “ಅಳತೆ ನಂದು ಸರಿಯೇ ಇತ್ತು ಸರ್. ಅಳತೆ ಕೊಟ್ಟಮೇಲೆ ಹುಡುಗಿ ಎರಡು ತಿಂಗಳು ಸಮಾ ಉಂಡದೆ” ಎಂದು ಪಿಸುದನಿಯಲ್ಲಿ ಹೇಳಿದ. ಸದಾಶಿವಗಡದಲ್ಲಿರುವ ಸೋದರತ್ತೆಯ ಮಗಳು ಲಲಿತಾ ವರ್ಷಕ್ಕೊಮ್ಮೆಯಾದರೂ ಬಂದು ಹೋಗುತ್ತಾಳೆ, ಅವಳಿಗೆ ಅಖಂಡ ಗೆರೆ. ದೊಡ್ಡಪ್ಪನ ಮಗ ಗಣಪತಿ ಅಂಕೋಲೆಯಲ್ಲಿ ಆಟೋ ಓಡಿಸುತ್ತಾನೆ. ಅವನ ಚೌಕ ಹಾಕಿಯಾಯಿತು, ಗೆರೆ ಯಾವುದೆಂದರೆ ಪಾಂಡುರಂಗ “ಅದು ಆಮೇಲೆ ನೋಡ್ವಾ ಸರ್” ಎಂದ. ಅಷ್ಟರಲ್ಲಿ ಬೇಲಿಯಾಚೆ ಅತ್ತಿಗೆ ಹಪ್ಪಳ ಒಣಗಿಸುವ ನೆಪದಲ್ಲಿ ಮೂರು ಸಲ ಬಂದುಹೋಗಿದ್ದನ್ನು ನಾನು ಗಮನಿಸಲಿಲ್ಲ. ಗಮನಿಸುವುದೇ ನನ್ನ ಕೆಲಸ ಎಂಬುದು ಬೇರೆ ಮಾತು.

ಶುಕ್ರವಾರ ಬೆಳಿಗ್ಗೆ ಆಸ್ಪತ್ರೆಯ ಎದುರು ಒಂದು ಆಟೋ ನಿಂತಿತು. ಪಾಂಡುರಂಗ ಇಳಿದ. ಅವನ ಒಂದು ತೋಳು ಗಣಪತಿಯ ಕೈಯಲ್ಲಿ, ಇನ್ನೊಂದು ಲಲಿತಾಳ ಕೈಯಲ್ಲಿ. ಹಿಂದಿನಿಂದ ಅತ್ತಿಗೆ ಗಂಜಿಯ ಡಬ್ಬಿ ಹಿಡಿದು ಬರುತ್ತಿದ್ದಳು, ಮುಖ ಮಾತ್ರ ಬೇರೆ ಕಡೆ ತಿರುಗಿತ್ತು. ನನಗೆ ಆದ ಸಂತೋಷ ಹೇಳತೀರದು. ನಾಲ್ಕೇ ಗೆರೆ ಎಳೆದದ್ದಕ್ಕೆ ಇಷ್ಟು ಫಲ! ಇದನ್ನು ಒಂದು ಪ್ರಬಂಧವಾಗಿ ಬರೆದು ಯಾವುದಾದರೂ ಸಮ್ಮೇಳನದಲ್ಲಿ ಓದಬೇಕು ಎಂದುಕೊಂಡೆ. ಶೀರ್ಷಿಕೆಯನ್ನೂ ಯೋಚಿಸಿದ್ದೆ. ಆಗ ಗಣಪತಿ ನನ್ನನ್ನು ಕಂಬದ ಮರೆಗೆ ಕರೆದು, “ಸರ್, ನಮ್ಮ ಅಪ್ಪನ ಚೌಕದ ಮೇಲೆ ಕಾಟು ಹಾಕಿದ್ರಂತೆ. ಹೆಸ್ರು ಹೊಡ್ದು ಹಾಕದ್ರಿ ಅಂದ್ರೆ ನಮ್ಮ ಬದಿಗೆ ಹಿಸ್ಸೆ ಇಲ್ಲಾ ಅಂತ ಆಯ್ತಾ?” ಎಂದು ಕೇಳಿದ.

ಆಗ ನನಗೆ ಗೊತ್ತಾಯಿತು. ನಮ್ಮ ಕಡೆ ಒಬ್ಬ ಮನುಷ್ಯ ಚೀಲ ಹಿಡಿದು ಮನೆಗೆ ಬಂದು, ಅಜ್ಜನಿಂದ ಶುರುಮಾಡಿ ಎಲ್ಲರ ಹೆಸರು ಬರೆದು ಗೆರೆ ಎಳೆಯುತ್ತಾನೆ ಎಂದರೆ ಅದಕ್ಕೆ ಒಂದೇ ಅರ್ಥ. ಅವನು ಊರಿನ ಜಮೀನು ಲೆಕ್ಕ ಬರೆಯುವ ತಲಾಠಿ, ಬರೆಯುತ್ತಿರುವುದು ವಂಶವೃಕ್ಷ, ಜಾಗ ಪಾಲಾಗುತ್ತಿದೆ. ಪಾಂಡುರಂಗನ ಮನೆಯ ಸುತ್ತ ಎಂಟು ಗುಂಟೆ ಜಾಗ, ಎದುರಿಗೇ ನಾಲ್ಕು ಲೇನಿನ ಹೆದ್ದಾರಿ. ಅತ್ತಿಗೆ ಹಪ್ಪಳ ಬಿಟ್ಟು ಫೋನು ಹಿಡಿದಿದ್ದಳು.

ಪುಸ್ತಕದ ಪ್ರಕಾರ ನಾನು ಆ ಕ್ಷಣವೇ ನಿಜ ಹೇಳಬೇಕಿತ್ತು. ಆದರೆ ಒಳಗೆ ಪಾಂಡುರಂಗ ಸೂಜಿ ಚುಚ್ಚಿಸಿಕೊಂಡು ಮಲಗಿದ್ದ, ಹೊರಗೆ ಮೂವರು ಬೆಂಚಿನ ಮೇಲೆ ಕಾಯುತ್ತಿದ್ದರು. ನಿಜ ಹೇಳಿದರೆ ಬೆಂಚು ಖಾಲಿಯಾಗುತ್ತದೆ, ಬೆಂಚು ಖಾಲಿಯಾದರೆ ಮಂಚವೂ ಖಾಲಿಯಾಗುತ್ತದೆ. ನನಗೆ ಹೆದರಿಕೆಯಾಯಿತು. “ಕಾಟು ಅಂದ್ರೆ ತೀರಿಕೊಂಡಿದ್ದಾರೆ ಅಂತ ಅಷ್ಟೇ” ಎಂದೆ. ಅದು ಸುಳ್ಳಲ್ಲ. ಉಳಿದದ್ದನ್ನು ಫೈಲಿನೊಳಗೇ ಇಟ್ಟುಕೊಂಡೆ. ಹೀಗೆ ಆ ಶುಕ್ರವಾರ, ಮಂಗಳವಾರ, ಮತ್ತೆ ಶುಕ್ರವಾರ, ಮತ್ತೆ ಮಂಗಳವಾರ ಸಾಗಿತು. ಪಾಂಡುರಂಗನ ಮುಖಕ್ಕೆ ಸ್ವಲ್ಪ ಬಣ್ಣ ಬಂತು. ನನ್ನ ಮುಖದ್ದು ಇಳಿಯಿತು. ಮನೆಯಲ್ಲಿ ಹೆಂಡತಿ ಎರಡು ಸಲ, “ಎಂತಾ ಆಗದೆ ನಿಮಗೆ?” ಎಂದಳು. ನಾನು ‘ಹೂಂ’ ಎಂದೆ.

ಕೊನೆಗೆ ಬಾಯಿಬಿಟ್ಟವನು ಪಾಂಡುರಂಗನೇ. ಅದರ ಮುಂದಿನ ಶುಕ್ರವಾರ ನನ್ನನ್ನು ಹಾಸಿಗೆಯ ಹತ್ತಿರ ಕರೆದು ಹೇಳಿದ: “ಸರ್, ಅದು ಪಾಲಿನ ಕಾಗದ ಅಲ್ಲಾ ಅಂತ ಹೇಳ್ಬಿಡಿ. ಪಾಪ, ಗಣಪತಿ ಬಾಡಿಗೆ ಬಿಟ್ಟು ಬತ್ತ. ಅತ್ತಿಗೆ ನಸುಕಿಗೆ ಎದ್ದು ಗಂಜಿ ಮಾಡ್ತದೆ. ನಾಳೆ ಗೊತ್ತಾದ್ರೆ ನನ್ನ ಮುಖ ಎಲ್ಲಿ ಇಟ್ಕಂಬೂದು?” ಎಲ್ಲರೂ ಹೋಗಿಬಿಟ್ಟರೆ ಏನು ಮಾಡುತ್ತೀ ಎಂದು ಕೇಳಿದೆ. “ಹೋದ್ರೆ ಹೋದ್ರು. ಅಳತೆ ತಪ್ಪಿದ ಬಟ್ಟೆ ಹಾಕ್ಕಂಡು ಎಷ್ಟು ದಿನ ತಿರುಗೂದು?” ಎಂದ. ನಿರ್ಧಾರ ಅವರದ್ದು ಎಂದು ಮೇಷ್ಟ್ರು ಹೇಳಿದ್ದು ಇಂಥ ನಿರ್ಧಾರಕ್ಕೂ ಸಲ್ಲುತ್ತದೆ ಎಂದು ನಾನು ಅಂದುಕೊಂಡಿರಲಿಲ್ಲ. ಅವನ ಮೇಲೆ ನನಗೆ ಸಿಟ್ಟು ಬಂತು, ಅದಕ್ಕಿಂತ ಹೆಚ್ಚು ಗೌರವ ಬಂತು.

ಮರುದಿನ ಅವರ್ಸಾದ ಅಂಗಳದಲ್ಲಿ ಎಲ್ಲರನ್ನೂ ಕೂಡಿಸಿದೆ. ಹಾಳೆಯನ್ನು ಜಗಲಿಯ ಮೇಲೆ ಹರಡಿ, ನಾನು ತಲಾಠಿಯಲ್ಲ, ಇದು ವಂಶವೃಕ್ಷವಲ್ಲ, ಇದರಿಂದ ಯಾರಿಗೂ ಒಂದು ಹಿಡಿ ಮಣ್ಣೂ ಬರುವುದಿಲ್ಲ ಎಂದು ಹೇಳಿದೆ. ಹೆದ್ದಾರಿಯಲ್ಲಿ ನಾಲ್ಕೈದು ಲಾರಿ ಹೋದವು. ಲಲಿತಾ ತನ್ನ ಚೀಲದ ಜಿಪ್ಪು ಎಳೆದಳು. ಗಣಪತಿ ಎದ್ದು ಹೋಗಿ ಆಟೋದಲ್ಲಿ ಕೂತ. ಪಾಂಡುರಂಗ ತಲೆ ತಗ್ಗಿಸಿಕೊಂಡು ಕಂಬಕ್ಕೆ ಒರಗಿದ್ದ. ಮುಗಿಯಿತು, ಈ ಮನುಷ್ಯನನ್ನು ನನ್ನ ಕೈಯಾರೆ ಕಳೆದುಕೊಂಡೆ ಎಂದುಕೊಂಡೆ.

ಅತ್ತಿಗೆ ಮಾತ್ರ ಜಾಗ ಬಿಟ್ಟು ಕದಲದೆ ಹಾಳೆಯನ್ನೇ ನೋಡುತ್ತಿದ್ದಳು. “ಪಾಲಿನ ಕಾಗದ ಅಲ್ಲಾ ಅಂದ್ರೆ ಇದು ಮತ್ತೆಂತಾ?” ಎಂದಳು. ಪಾಂಡುರಂಗನಿಗೆ ಯಾರು ಹತ್ತಿರ, ಯಾರು ದೂರ ಎಂದು ತೋರಿಸುವ ನಕ್ಷೆ ಎಂದೆ. “ಇದು ನಂದಾ?” ಎಂದು ಒಂದು ಸುತ್ತಿನ ಮೇಲೆ ಬೆರಳಿಟ್ಟಳು. ಹೌದೆಂದೆ. “ಈ ತುಂಡು ತುಂಡು ಗೆರೆ ಎಂತಕ್ಕೆ?” ದೂರದವರಿಗೆ ಹಾಗೆ ಹಾಕುತ್ತೇವೆ ಎಂದು ಹೇಳುವಷ್ಟರಲ್ಲಿ ಅವಳ ದನಿ ಹೆದ್ದಾರಿ ದಾಟಿತ್ತು. “ನಾ ಈ ಮನಿಗೆ ಮದುವೆಯಾಗಿ ಬಂದಾಗ ಇವಂಗೆ ಆರು ವರ್ಷ! ಇವನ ತಲೆ ಹೇನು ತೆಗ್ದು, ಮೂಗು ಒರ್ಸಿ ಶಾಲೆಗೆ ಕಳ್ಸದವಳು ನಾನು. ನಂಗೆ ತುಂಡುಗೆರೆ! ವರ್ಷಕ್ಕೊಂದ್ಸಲ ಬಂದು ಕಾಯಿ ತಕಂಡು ಹೋಗೂ ಲಲಿತಂಗೆ ಅಖಂಡ ಗೆರೆ! ಕೂಡ್ಸಿ ಅದ್ನ, ಈಗ್ಲೇ ಕೂಡ್ಸಿ!”

ನಾನು ಪೆನ್ನು ತೆಗೆಯಲಿಲ್ಲ. ಅದು ಧೈರ್ಯವಲ್ಲ, ಪೆನ್ನು ಎಲ್ಲಿಟ್ಟಿದ್ದೇನೆಂದು ಗಾಬರಿಯಲ್ಲಿ ತಿಳಿಯಲಿಲ್ಲ. “ಅಕ್ಕಾ, ಗೆರೆ ನಾನು ಕೂಡಿಸೋದಲ್ಲ. ಇದ್ದ ಹಾಗೆ ಬರೆಯೋದು” ಎಂದೆ. ಅವಳು ಐದು ವರ್ಷದಲ್ಲಿ ಮೊದಲ ಬಾರಿ ಮೈದುನನ ಕಡೆ ನೇರ ತಿರುಗಿ, “ಮಂಗಳವಾರ ನಂದು. ನೀ ಬೇಡಾ ಅಂದ್ರೂ ಬತ್ತೆ. ರವಿಕೆ ವಿಷಯ ಬೇರೆ, ಅದು ಬಿಡೂದಿಲ್ಲ” ಎಂದಳು. ಪಾಂಡುರಂಗ “ಹೊಲಿಗೆ ನಂದೇ ತಪ್ಪು ಅತ್ತಿಗೆ” ಎಂದ. ಹುಡುಗಿ ಉಂಡ ಸುದ್ದಿ ಎತ್ತಲಿಲ್ಲ. ಅತ್ತಿಗೆ ಸೆರಗಿನಿಂದ ಕಣ್ಣೊರೆಸಿಕೊಂಡು, ಧೂಳು ಹೆದ್ದಾರಿಯದ್ದು ಎಂದು ನನಗೆ ವಿವರಿಸಿದಳು. ನನ್ನ ಕಣ್ಣಿಗೂ ಅದೇ ಧೂಳು ಬಿದ್ದಿತ್ತು.

ಲಲಿತಾ ಜಿಪ್ಪು ತೆಗೆದು, ತನ್ನದು ಅಖಂಡ ಗೆರೆಯೇ ಆದದ್ದರಿಂದ ತಿಂಗಳಿಗೆ ಎರಡು ಶುಕ್ರವಾರವಾದರೂ ಬರುವುದು ಮರ್ಯಾದೆ ಎಂದಳು. ಆಟೋದಿಂದ ಗಣಪತಿ ತಲೆ ಹೊರಹಾಕಿ ಕೇಳಿದ: “ನಂದು ಎಂತಾ ಗೆರೆ?” ನಿನ್ನದು ಹಾಕಿಯೇ ಇಲ್ಲ ಎಂದೆ. ಅವನು ಆಟೋದಿಂದ ಇಳಿದು ಬಂದು ತನ್ನ ಒಂಟಿ ಚೌಕವನ್ನು ಬಗ್ಗಿ ನೋಡಿದ. “ಎಂತಾರೂ ಒಂದು ಹಾಕಿ ಮಾರಾಯ್ರೆ, ಹಿಂಗೆ ಬಿಡ್ಬೇಡಿ. ಉಳಿದ ಶುಕ್ರವಾರ ನಾ ಬತ್ತೆ” ಎಂದ.

ಹೀಗೆ ಪಾಳಿ ಶುರುವಾಗಿ ಈಗ ಎಂಟು ತಿಂಗಳು. ಪಾಂಡುರಂಗ ಮನೆಯಲ್ಲೇ ಮಷೀನು ಹಾಕಿಕೊಂಡು ಅಲ್ಪಸ್ವಲ್ಪ ಹೊಲಿಯುತ್ತಿದ್ದಾನೆ. ಡಾಕ್ಟರು ಯಾವ ವಿಧಾನ ಬಳಸಿದಿರಿ ಎಂದು ಕೇಳಿದರು. ವಿಧಾನದ ಹೆಸರು ಹೇಳಿದೆ. ಹಪ್ಪಳ, ಹೆದ್ದಾರಿ, ರವಿಕೆ ಇವು ಯಾವುದನ್ನೂ ಹೇಳಲಿಲ್ಲ. ಸಮ್ಮೇಳನದ ಪ್ರಬಂಧವನ್ನು ಕೈಬಿಟ್ಟೆ.

ಮೊನ್ನೆ ಒಂದು ಶುಕ್ರವಾರ ಬೆಳಿಗ್ಗೆ ಪಾಂಡುರಂಗನ ಫೋನು. ಮನೆಯವರೆಲ್ಲ ಕುಮಟೆಯಲ್ಲಿ ಯಾವುದೋ ಮದುವೆಗೆ ಹೋಗಿದ್ದಾರೆ, ಗಣಪತಿಯ ಆಟೋ ಗ್ಯಾರೇಜಿನಲ್ಲಿದೆ. “ಇಂದು ನೀವೇ ಸರ್” ಎಂದ. ಅದು ಪ್ರಶ್ನೆಯಾಗಿರಲಿಲ್ಲ. ಅರ್ಧ ದಿನ ರಜೆ ಬರೆದು, ಬಸ್‌ಸ್ಟ್ಯಾಂಡಿಗೆ ಹೋಗಿ ಅವನನ್ನು ಕರೆತಂದು, ಟವೆಲು, ಫ್ಲಾಸ್ಕು ಹಿಡಿದು ಕೂತೆ. ರೋಗಿಯ ಜೊತೆಗೆ ಬಂದವರು ತುಂಬಿಸುವ ಕಾಗದವನ್ನು ನರ್ಸಮ್ಮ ಕೊಟ್ಟರು. ‘ರೋಗಿಯೊಂದಿಗಿನ ಸಂಬಂಧ’ ಎಂಬಲ್ಲಿ ಪೆನ್ನು ನಿಂತಿತು. ರಜೆಯಲ್ಲಿರುವುದರಿಂದ ಉದ್ಯೋಗ ಬರೆಯುವಂತಿಲ್ಲ. ಪಾಂಡುರಂಗ ಮಲಗಿದಲ್ಲಿಂದಲೇ, “ಭಾವಮೈದ ಅಂತ ಬರಿರಿ ಸರ್. ನಂಗೆ ಮದುವೆ ಆಗ್ಲಿಲ್ಲ, ಆ ಜಾಗ ಖಾಲಿ ಅದೆ. ಯಾರೂ ತಕರಾರು ಮಾಡೂದಿಲ್ಲ” ಎಂದ. ಹಾಗೇ ಬರೆದೆ. ಸಂಬಂಧದ ಕಾಲಮ್ಮಿನಲ್ಲಿ ಸುಳ್ಳು ಬರೆಯಬೇಡಿ ಎಂದು ಊರಿಗೆಲ್ಲ ಹೇಳುತ್ತ ಬಂದವನು ನಾನು. ಸಂಜೆ ನನ್ನ ಕೋಣೆಗೆ ಹೋಗಿ ಅವನ ಫೈಲು ತೆರೆದು, ‘ಕುಟುಂಬದ ಬೆಂಬಲ: ಉತ್ತಮ’ ಎಂದು ಬರೆದು ಸಹಿ ಹಾಕಿದೆ. ಅಂದು ಬಂದಿದ್ದ ಕುಟುಂಬ ನಾನೊಬ್ಬನೇ ಎಂದು ಬರೆಯಲು ಆ ನಮೂನೆಯಲ್ಲಿ ಜಾಗವಿರಲಿಲ್ಲ. ನಮೂನೆ ತಯಾರಿಸಿದವನೂ ನಾನೇ.