ಒಂಬತ್ತು ಹೆಂಗಸರು, ಹದಿನೆಂಟು ಸಪೂರ ಪಾದಗಳು

ಆರ್ವೊ ಮಾಡಿದ ತಪ್ಪು ಇಷ್ಟೇ. ಓಟದ ಸಂಘದ ಮನೆಯ ಬಾಗಿಲಲ್ಲಿ ತನ್ನ ಶೂ ಬಿಚ್ಚಲು ಬಗ್ಗಿದಾಗ, ಕೈಯಲ್ಲಿದ್ದ ಇನ್ನೊಂದು ಜೊತೆ ಶೂಗಳನ್ನೂ ಪಕ್ಕದಲ್ಲಿ ಇಟ್ಟ. ಅಷ್ಟರಲ್ಲಿ ಒಳಗಿನಿಂದ ಕಾಫಿಯ ಘಮ ಬಂತು, ಎದ್ದು ಒಳಗೆ ಹೋದ. ಫಿನ್ಲೆಂಡಿನಲ್ಲಿ ಐವತ್ತೆಂಟು ವರ್ಷ ಬಾಳಿದ ಮನುಷ್ಯನಿಗೆ ಬಾಗಿಲ ಬಳಿ ಶೂ ಬಿಡುವುದು ಎಷ್ಟು ರೂಢಿಯೆಂದರೆ, ಯಾವ ಶೂ ಎಂದು ತಲೆ ಕೇಳುವ ಮೊದಲೇ ಕೈ ಬಿಟ್ಟಿರುತ್ತದೆ.

ಆ ಶೂ ಅಂತಿಂಥದ್ದಲ್ಲ. ಅಗಲ ಪಾದದ ಹೆಂಗಸರಿಗೆಂದು ವಿಯೆಟ್ನಾಮಿನ ಕಾರ್ಖಾನೆಯೊಂದು ಮಾಡಿ ಕಳಿಸಿದ ಓಟದ ಶೂಗಳ ಸ್ಯಾಂಪಲ್. ಬೂದು ಬಣ್ಣ, ಪಕ್ಕದಲ್ಲಿ ಕೆಂಪು ಗೆರೆ, ನಂಬರು ನಲವತ್ತು. ಇಡೀ ಪ್ರಪಂಚದಲ್ಲಿ ಇದ್ದದ್ದು ಆ ಒಂದೇ ಜೊತೆ.

ನಮ್ಮೂರು ಲೆಪ್ಪಾಲಹ್ತಿಯಲ್ಲಿ ಇರುವುದು ಒಂದೇ ಶೂ ಅಂಗಡಿ, ಅದು ಆರ್ವೊನದು. ಎರಡು ವರ್ಷಗಳಿಂದ ಓಟದ ಸಂಘದ ಹೆಂಗಸರು ಒಬ್ಬೊಬ್ಬರಾಗಿ ಬಂದು, ಅಂಗಡಿಯಲ್ಲಿ ಬೇರೆ ಯಾರೂ ಇಲ್ಲ ಎಂದು ನೋಡಿಕೊಂಡು, ಅವನ ಕಿವಿಯಲ್ಲಿ ಪಿಸುಗುಟ್ಟಿದ್ದರು. "ನಂಗಲ್ಲಪ್ಪ, ನನ್ ತಂಗಿಗೆ. ಅವಳ ಪಾದ ಸ್ವಲ್ಪ ಅಗಲ. ಅಂಥಾ ಶೂ ತರಿಸ್ಕೊಡು, ಯಾರಿಗೂ ಹೇಳ್ಬೇಡ." ಒಬ್ಬಳಿಗೆ ತಂಗಿ, ಒಬ್ಬಳಿಗೆ ಗೆಳತಿ, ಇನ್ನೊಬ್ಬಳಿಗೆ ಚಿಕ್ಕಮ್ಮ. ಹೀಗೆ ಸಂಘದ ಒಂಬತ್ತು ಹೆಂಗಸರೂ ಬಂದುಹೋದರು. ಒಬ್ಬರ ಸುದ್ದಿ ಇನ್ನೊಬ್ಬರಿಗೆ ಗೊತ್ತಿಲ್ಲ. ಆರ್ವೊ ಯಾರ ಬಳಿಯೂ ಬಾಯಿ ಬಿಡಲಿಲ್ಲ.

ಆದರೆ ಅವನು ಇದಕ್ಕೆ ಕೈ ಹಾಕಿದ್ದು ಅವರಿಗಾಗಿ ಅಲ್ಲ, ಹೆಂಡತಿ ಇರ್ಮೆಲಿಗಾಗಿ. ಒಂಬತ್ತು ವರ್ಷಗಳ ಹಿಂದೆ ಅವಳು ಓಟದಿಂದ ಬಂದು ಕಾಲುಚೀಲ ಕಳಚಿದಾಗ ಕಿರುಬೆರಳಲ್ಲಿ ರಕ್ತ ಬಂದಿತ್ತು. ಆಗ ಇವನು ಗಿರಾಕಿಗಳಿಗೆ ಮೂವತ್ತು ವರ್ಷಗಳಿಂದ ಹೇಳುತ್ತ ಬಂದ ಮಾತನ್ನೇ ಅವಳಿಗೂ ಹೇಳಿದ. "ಹಾಕ್ತಾ ಹಾಕ್ತಾ ಸರಿಹೋಗತ್ತೆ." ಅವಳು ಶೂಗಳನ್ನು ಅಟ್ಟಕ್ಕೆ ಹಾಕಿದಳು, ಮಂಡಿನೋವು ಅಂದಳು, ಓಡುವುದನ್ನು ಬಿಟ್ಟಳು. ಅದು ಮಂಡಿಯಲ್ಲ, ತನ್ನ ಮಾತು ಎಂದು ಇವನಿಗೆ ಅರ್ಥವಾಗಲು ಎಷ್ಟೋ ವರ್ಷ ಬೇಕಾಯಿತು. ಅರ್ಥವಾದ ಮೇಲೆ ಕಾರ್ಖಾನೆಗಳಿಗೆ ಒಂದೊಂದಾಗಿ ಪತ್ರ ಬರೆಯತೊಡಗಿದ.

ಕಾರ್ಖಾನೆಗಳ ಕತೆ ಕೇಳಬೇಡಿ. ಒಬ್ಬರು ಮಾಮೂಲಿ ಶೂ ಕಳಿಸಿ ಡಬ್ಬದ ಮೇಲೆ ಮಾತ್ರ 'ಅಗಲ' ಎಂದು ಅಚ್ಚು ಹಾಕಿದ್ದರು. ಇನ್ನೊಬ್ಬರು ಮುಂದೆಯೂ ಅಗಲ, ಹಿಂದೆಯೂ ಅಗಲ ಮಾಡಿದ್ದರು. ಅದನ್ನು ಹಾಕಿಕೊಂಡು ಓಡಿದರೆ ಕಾಲು ಮನೆ ತಲುಪಿದರೂ ಶೂ ದಾರಿಯಲ್ಲೇ ಉಳಿಯುತ್ತಿತ್ತು. ಕೊನೆಗೆ ವಿಯೆಟ್ನಾಮಿನ ಹೈಫಾಂಗ್ ಊರಿನ ಕಾರ್ಖಾನೆಯಿಂದ ಹಾನ್ ಎಂಬ ಹೆಂಗಸು, "ಬೆರಳ ಹತ್ತಿರ ಅಗಲ, ಹಿಮ್ಮಡಿ ಹತ್ತಿರ ಬಿಗಿ, ಅಲ್ವಾ? ನಮ್ಮಮ್ಮನ ಕಾಲೂ ಹಾಗೇ" ಎಂದು ಬರೆದಳು. ಆರ್ವೊ ಆ ಪತ್ರವನ್ನು ಮೂರು ಸಲ ಓದಿದ. ಹಾನ್ ಹೊಸ ಅಚ್ಚು ಮಾಡಿಸಿ, ಅದರ ಮೇಲೆ ಹೊಲಿಸಿ ಕಳಿಸಿದಳು. ಷರತ್ತು ಎರಡು. ಕನಿಷ್ಠ ನಾನೂರು ಜೊತೆ ಕೊಳ್ಳಬೇಕು. ಮತ್ತೆ, ಅಗಲ ಪಾದದ ಹೆಂಗಸೊಬ್ಬಳು ಈ ಸ್ಯಾಂಪಲ್ ಹಾಕಿಕೊಂಡು ಐದು ಕಿಲೋಮೀಟರ್ ಓಡಿ, ಆಮೇಲೆ ಶೂ ಎಲ್ಲಿ ಉಬ್ಬಿದೆ, ಎಲ್ಲಿ ಸವೆದಿದೆ ಎಂದು ಫೋಟೋ ಕಳಿಸಬೇಕು. ಶನಿವಾರ ಅಲ್ಲಿ ಕಾರ್ಖಾನೆ ಬಾಗಿಲು ಹಾಕುವ ಮೊದಲು, ಅಂದರೆ ನಮ್ಮ ಮಧ್ಯಾಹ್ನ ಒಂದು ಗಂಟೆಗೆ ಮೊದಲು ಅದು ತಲುಪಬೇಕು. ತಪ್ಪಿದರೆ ಮುಂದಿನ ಸರದಿ ಒಂದು ವರ್ಷದ ಮೇಲೆ.

ಸ್ಯಾಂಪಲ್ ಬಂದದ್ದು ಶುಕ್ರವಾರ ಸಂಜೆ. ಇರ್ಮೆಲಿಗೆ ಹೇಳುವಂತಿಲ್ಲ, ಅವಳ ಹುಟ್ಟುಹಬ್ಬಕ್ಕೆ ಗುಟ್ಟಾಗಿ ಕೊಡಬೇಕೆಂದಿದ್ದ. ಸಾಲದ್ದಕ್ಕೆ ಶನಿವಾರ ಬೆಳಿಗ್ಗೆ ಅವಳು ಗ್ರಂಥಾಲಯಕ್ಕೆ ಹೋಗುತ್ತಾಳೆ. ಹಾಗಾಗಿ ಶೂಗಳಿಗೆ 'ಆರ್ವೊ' ಎಂದು ಬರೆದ ಚೀಟಿ ಕಟ್ಟಿಕೊಂಡು ಬೆಳಿಗ್ಗೆಯೇ ಸಂಘಕ್ಕೆ ಬಂದ.

ಬಂದನೇನೋ ಸರಿ, ಕೇಳುವುದು ಹೇಗೆ? ಒಂಬತ್ತು ಹೆಂಗಸರು ಸುತ್ತ ಕೂತು ಕಾಫಿ ಕುಡಿಯುತ್ತಿರುವಾಗ 'ನಿಮ್ಮಲ್ಲಿ ಅಗಲ ಪಾದ ಯಾರದು' ಎಂದು ಕೇಳುವ ಧೈರ್ಯ ಯಾವ ಗಂಡಸಿಗಿದೆ? ಮೂರು ಕಪ್ ಕಾಫಿ ಕುಡಿದ. ಏಲಕ್ಕಿ ಬನ್ ಎರಡು ತಿಂದ. ಮಂಜು ಕರಗಿತು ಅಂದ, ಹೌದು ಕರಗಿತು ಅಂದರು. ಒಂಬತ್ತೂವರೆಗೆ ಎಲ್ಲರೂ ಎದ್ದುಹೋದರು, ಇವನೂ ಬಾಗಿಲಿಗೆ ಬಂದ.

ಬೂದು ಶೂಗಳಿರಲಿಲ್ಲ. ಆ ಜಾಗದಲ್ಲಿ ಹಳೆಯ ನೀಲಿ ಶೂ ಜೊತೆಯೊಂದಿತ್ತು. ಗಂಡಸರ ಮಾದರಿ, ನಂಬರು ನಲವತ್ತು. ಎರಡು ಶೂಗಳಿಗೂ ಕಿರುಬೆರಳ ಪಕ್ಕದಲ್ಲಿ ಯಾರೋ ಚಾಕುವಿನಿಂದ ಉದ್ದಕ್ಕೆ ಸೀಳಿದ್ದರು.

"ಅಯ್ಯಯ್ಯೋ!" ಎಂದು ಆರ್ವೊ ಮೆಟ್ಟಿಲ ಮೇಲೇ ಕೂತುಬಿಟ್ಟ.

"ಏನಾಯ್ತೋ?" ಮನೆಗೆ ಬೀಗ ಹಾಕಲು ಉಳಿದಿದ್ದ ಕೆರ್ಟು ಹಿಂದಿನಿಂದ ಬಂದಳು. ಕೆರ್ಟು ಸಂಘದ ಅಧ್ಯಕ್ಷೆ, ಅಂಚೆ ಕಚೇರಿಯಿಂದ ನಿವೃತ್ತಳಾದವಳು. ಊರಿನ ಕಾಗದವೆಲ್ಲ ಅವಳ ಕೈ ದಾಟಿ ಹೋಗುತ್ತಿದ್ದ ಕಾಲ ಮುಗಿದ ಮೇಲೆ, ಸುದ್ದಿಗಾಗಿ ಅವಳೇ ಮನೆಮನೆ ಹೋಗಬೇಕಾಗಿತ್ತು.

ಆರ್ವೊ ಶೂ ಕಳೆದದ್ದನ್ನೂ ಒಂದು ಗಂಟೆಯ ಗಡುವನ್ನೂ ಹೇಳಿದ. ಕೆರ್ಟು ನೀಲಿ ಶೂವನ್ನು ತಿರುಗಿಸಿ ತಿರುಗಿಸಿ ನೋಡಿದಳು. ಅವಳ ಮುಖದಲ್ಲಿ ಏನೋ ಒಂದು ಬಂದು ಹೋಯಿತು.

"ನಂದಂತೂ ಅಲ್ಲ. ನನ್ ಪಾದ ಸಪೂರ" ಎಂದಳು ಮೊದಲು. ಆಮೇಲೆ, "ಯಾರೋ ಕಾಲು ತಪ್ಪಿ ಹಾಕ್ಕೊಂಡು ಹೋಗಿದಾರೆ. ಬಾ, ಕಾರ್ ಹತ್ತು. ಎಲ್ಲರ ಮನೆಗೂ ಹೋಗೋಣ."

"ನೀನ್ಯಾಕೆ ತೊಂದ್ರೆ ತಗೋತೀಯ? ನಾನೊಬ್ಬನೇ..."

"ತೊಂದ್ರೆ ಏನು ಬಂತು ಮಾರಾಯ, ಇದು ನನ್ ಧರ್ಮ" ಎಂದು ಕೆರ್ಟು ಆಗಲೇ ಬೀಗದ ಕೈ ತೆಗೆದಿದ್ದಳು.

ಮೊದಲ ಮನೆ ಔಷಧಿ ಅಂಗಡಿಯ ಮಿರ್ಯಾಳದು. ಬಾಗಿಲಲ್ಲಿ ಶೂ ಬಿಚ್ಚಿದರೆ ಆರ್ವೊನ ಹೆಬ್ಬೆರಳು ಕಾಲುಚೀಲದಿಂದ ಹೊರಗೆ ಇಣುಕುತ್ತಿತ್ತು. ಊರಿಗೆಲ್ಲ ಶೂ ಮಾರುವವನ ಕಾಲುಚೀಲ!

"ಥೂ, ಏನೋ ಇದು!" ಎಂದು ಮಿರ್ಯಾ ತಾನು ಹೆಣೆದ ದಪ್ಪ ಉಣ್ಣೆಯ ಕಾಲುಚೀಲ ತಂದು ಹರಿದದ್ದರ ಮೇಲೇ ಹಾಕಿಸಿದಳು. ಕಾಫಿ ಕೊಟ್ಟಳು. ಬೇಡ ಎನ್ನಲಾದೀತೇ? ಆಮೇಲೆ ಆರ್ವೊ ನೀಲಿ ಶೂ ಎತ್ತಿ ಹಿಡಿದ.

ಮಿರ್ಯಾ ಶೂ ನೋಡಿದಳು, ಕೆರ್ಟುವಿನ ಮುಖ ನೋಡಿದಳು. ತನ್ನ ಎರಡೂ ಪಾದಗಳನ್ನು ಕುರ್ಚಿಯ ಕೆಳಗೆ ಎಳೆದುಕೊಂಡಳು. "ನಂದಾ? ಇಷ್ಟು ಅಗಲಾನಾ? ಏನ್ ಆರ್ವೊ, ನಾನು ಬಾತುಕೋಳಿ ಥರ ಕಾಣ್ತೀನಾ ನಿನ್ ಕಣ್ಣಿಗೆ?"

"ಹಾಗಲ್ಲ, ನಿನ್ ತಂಗಿ..." ಎಂದು ಬಾಯಿ ತೆರೆದ ಆರ್ವೊ, ಮಿರ್ಯಾಳ ಕಣ್ಣು ಕಂಡು ಮಾತನ್ನು ಕಾಫಿಯ ಜೊತೆ ನುಂಗಿದ.

"ತಂಗಿ ಏನಂತೆ?" ಕೆರ್ಟು ಮುಂದೆ ಬಾಗಿದಳು.

"ತಂಗೀನ ಕೇಳಿದೆ ಅಂತ ಹೇಳು, ಅಷ್ಟೆ" ಎಂದು ಆರ್ವೊ ಎದ್ದ.

ಎರಡನೆಯದು ಶಾಲೆಯ ಹೆಡ್ ಮೇಡಂ ತೂಲಾಳ ಮನೆ. ಅವಳು ಶೂ ನೋಡುವ ಮೊದಲು ಅವನ ಕಾಲು ನೋಡಿದಳು. "ಇದು ಮಿರ್ಯಾ ಹೆಣೆದಿದ್ದು ತಾನೆ? ಹಿಮ್ಮಡಿ ನೋಡು, ಹೇಗೆ ಸೊಟ್ಟಗಿದೆ! ಇದರ ಮೇಲೆ ನಂದು ಹಾಕ್ಕೋ." ಮೇಲೊಂದು ಜೊತೆ ಬಂತು, ಕಾಫಿಯೂ ಬಂತು. ಶೂ ಮಾತ್ರ ತನ್ನದಲ್ಲವೆಂದಳು. "ನಮ್ಮ ವಂಶದಲ್ಲೇ ಎಲ್ಲರದೂ ಸಪೂರ ಪಾದ. ಬೇಕಾದ್ರೆ ಬರ್ಕೊಡ್ತೀನಿ."

ಮೂರನೆಯ ಮನೆಯಲ್ಲೂ ಕಾಫಿ. ನಾಲ್ಕರಲ್ಲೂ ಕಾಫಿ, ಜೊತೆಗೆ ಇನ್ನೊಂದು ಕಾಲುಚೀಲ. ಐದನೆಯ ಮನೆ ದಾಟುವಾಗ ಆರ್ವೊನ ಕಾಲು ಶೂ ಒಳಗೆ ಹೋಗುತ್ತಿರಲಿಲ್ಲ. ತುರುಕಿ ತುರುಕಿ ಹಾಕಿಕೊಂಡು ನಿಂತರೆ ಬೆರಳುಗಳು ಒಂದರ ಮೇಲೊಂದು ಹತ್ತಿ ಕೂತವು.

"ಅಮ್ಮಾ! ಪ್ರಾಣ ಹೋಗತ್ತೆ ಕಣೇ" ಅಂದ.

"ಹಾಕ್ತಾ ಹಾಕ್ತಾ ಸರಿಹೋಗತ್ತೆ" ಅಂದಳು ಕೆರ್ಟು.

ಆಮೇಲೆ ಪ್ರತಿ ಮನೆಯ ಮೆಟ್ಟಿಲನ್ನೂ ಕುಂಟುತ್ತ ಹತ್ತುವಾಗ ಅವನಿಗೆ ನೆನಪಾದದ್ದು ಇರ್ಮೆಲಿಯ ಕಿರುಬೆರಳು. ನನ್ನ ಬಾಯಿಗಿಷ್ಟು ಮಣ್ಣು ಹಾಕ ಎಂದು ತನ್ನನ್ನೇ ಬೈದುಕೊಂಡ.

ಎಂಟನೆಯವಳು ಊರಿನ ಪಾದ್ರಿ ಹೆಲ್ವಿ. ಅವಳು ತೋಟದಲ್ಲಿ ರಬ್ಬರ್ ಬೂಟು ಹಾಕಿಕೊಂಡು ಮಣ್ಣು ಅಗೆಯುತ್ತಿದ್ದಳು. ಸುಳ್ಳು ಹೇಳದ ಹೆಂಗಸು ಎಂದು ಆರ್ವೊ ಆಸೆಯಿಂದ ಹೋದ.

"ಆ ಶೂ ನಂದಲ್ಲ ಆರ್ವೊ" ಅಂದಳು ಹೆಲ್ವಿ.

"ನಿಮ್ ಪಾದ ಅಗಲಾನೋ ಸಪೂರಾನೋ, ಅದನ್ನ ಹೇಳಿ ಪಾದ್ರಿಯಮ್ಮ" ಎಂದು ಕೆರ್ಟು ನಡುವೆ ಬಾಯಿ ಹಾಕಿದಳು.

ಹೆಲ್ವಿ ಆಕಾಶ ನೋಡಿದಳು. "ದೇವರು ಹೇಗೆ ಕೊಟ್ಟನೋ ಹಾಗಿದೆ" ಎಂದಳು. ಬೂಟು ಕಳಚಲಿಲ್ಲ, ಕಾಫಿಗೂ ಒಳಗೆ ಕರೆಯಲಿಲ್ಲ. ನಮ್ಮೂರಿನಲ್ಲಿ ಪಾದ್ರಿಯ ಮನೆಯಿಂದ ಕಾಫಿ ಇಲ್ಲದೆ ಯಾರಾದರೂ ವಾಪಸ್ ಬಂದದ್ದು ಅದೇ ಮೊದಲು.

ಗಂಟೆ ಹನ್ನೆರಡೂವರೆ. ಎಂಟು ಮನೆ ಮುಗಿದಿತ್ತು. ಒಂಬತ್ತನೆಯವಳಾದ ಕೆರ್ಟು ಮೊದಲೇ ಅಲ್ಲವೆಂದಿದ್ದಳು. "ನಾನಿನ್ನು ಬರ್ತೀನಿ, ಈ ದಿನ ತುಂಬಾ ವಿಷಯ ತಿಳೀತು" ಎಂದು ಅವಳು ಆರ್ವೊನನ್ನು ಅವನ ಮನೆ ಮುಂದೆ ಇಳಿಸಿ, ಸಂತೋಷವಾಗಿ ಹೊರಟುಹೋದಳು.

ಆರ್ವೊ ಬಾಗಿಲು ತೆರೆದ. ಹೊಸ್ತಿಲ ಒಳಗೆ, ಚಾಪೆಯ ಮೇಲೆ, ಕೆಸರು ಮೆತ್ತಿಕೊಂಡ ಬೂದು ಶೂ ಜೊತೆ. ಕೆಂಪು ಗೆರೆ. ಅವನದೇ ಕೈಬರಹದ ಚೀಟಿ.

ಅಡಿಗೆಮನೆಯಲ್ಲಿ ಇರ್ಮೆಲಿ ಬರಿಗಾಲು ಚಾಚಿ ಕೂತಿದ್ದಳು. ಕೆನ್ನೆ ಕೆಂಪಾಗಿತ್ತು, ಕೂದಲು ಬೆವರಿಗೆ ಅಂಟಿತ್ತು.

"ನೀನಾ!" ಎಂದ ಆರ್ವೊ. "ನಿನಗೆಲ್ಲಿ ಸಿಕ್ತು ಇದು?"

"ನೀನೇ ತಾನೆ ಇಟ್ಟಿದ್ದು? ನನ್ ಶೂ ಪಕ್ಕದಲ್ಲೇ, ಚೀಟಿ ಬೇರೆ ಕಟ್ಟಿ. ಮದುವೆಯಾಗಿ ಮೂವತ್ತೊಂದು ವರ್ಷ ಆಯ್ತು, ಯಾವತ್ತು ನೀನು ಏನನ್ನಾದ್ರೂ ಬಾಯಲ್ಲಿ ಹೇಳಿದೀಯ? ಇದೂ ಹಾಗೇ ಅನ್ಕೊಂಡೆ."

"ನಿನ್ ಶೂ? ಗ್ರಂಥಾಲಯ?"

ಇರ್ಮೆಲಿ ತಲೆ ತಗ್ಗಿಸಿದಳು. ಒಂದು ವರ್ಷದಿಂದ ಪ್ರತಿ ಶನಿವಾರ ಅವಳೂ ಸಂಘದವರ ಜೊತೆ ಓಡುತ್ತಿದ್ದಳು. ಇವತ್ತು ಇವನು ಬರುವುದನ್ನು ಕಿಟಕಿಯಲ್ಲಿ ಕಂಡು ಸೌನಾ ಎಂಬ ಉಗಿಸ್ನಾನದ ಕೋಣೆಯೊಳಗೆ ಅಡಗಿದ್ದಳು; ಇವನು ಬನ್ ತಿನ್ನುವಾಗ ಇವನ ಬೆನ್ನ ಹಿಂದಿನಿಂದ ಬಾಗಿಲಿಗೆ ಜಾರಿಕೊಂಡಿದ್ದಳು. "ಪಕ್ಕದೂರಲ್ಲಿ ಗಂಡಸರ ಶೂ ತಗೊಂಡೆ. ಅದೂ ಒತ್ತುತ್ತಿತ್ತು, ತರಕಾರಿ ಚಾಕುಲಿ ಸೀಳಿದೆ. ಶೂ ಅಂಗಡಿಯವನ ಹೆಂಡ್ತಿ ಸೀಳಿದ ಶೂ ಹಾಕ್ಕೊಂಡು ಓಡ್ತಾಳೆ ಅಂತ ಗೊತ್ತಾದ್ರೆ ನಿನ್ ಮರ್ಯಾದೆ ಏನಾಗ್ಬೇಕು? ಅದಕ್ಕೇ ಯಾರೂ ನಿನಗೆ ಹೇಳ್ಬಾರ್ದು ಅಂತ ಎಲ್ಲರ ಹತ್ರ ಮಾತು ತಗೊಂಡಿದ್ದೆ."

"ಕೆರ್ಟುಗೂ ಗೊತ್ತಿತ್ತಾ?"

"ಗೊತ್ತಿಲ್ದೆ! ಅಧ್ಯಕ್ಷೆ ಅಲ್ವಾ?"

ಆರ್ವೊಗೆ ಕೋಪ ಬರಬೇಕಿತ್ತು, ಬರಲಿಲ್ಲ. ಅವಳ ಪಾದದ ಬಳಿ ನೆಲದ ಮೇಲೆ ಕೂತು ಕಿರುಬೆರಳು ನೋಡಿದ. ಕೆಂಪಿಲ್ಲ, ಗುಳ್ಳೆಯಿಲ್ಲ. "ಹೇಗಿತ್ತು?" ಎಂದು ಕೇಳಿದ.

"ಕೆರೆ ಸುತ್ತ ಏಳು ಕಿಲೋಮೀಟರ್ ಓಡಿ ಬಂದೆ. ನಂಗೆ ಕಾಲು ಇದೆ ಅನ್ನೋದೇ ಮರೆತೋಗಿತ್ತು ಕಣೋ."

ಅವಳ ಕಣ್ಣು ತುಂಬಿತು, ಇವನದೂ ತುಂಬಿತು. ಆಮೇಲೆ ಗಡಿಯಾರ ನೋಡಿ ದಡಬಡ ಎದ್ದ. ಶೂಗಳನ್ನು ಮೇಲಿನಿಂದ, ಕೆಳಗಿನಿಂದ, ಪಕ್ಕದಿಂದ ಫೋಟೋ ತೆಗೆದ. 'ಬಹಳ ಚೆನ್ನಾಗಿದೆ. ನಾನೂರು ಜೊತೆ ಮಾಡಿ' ಎಂದು ಬರೆದು ಹನ್ನೆರಡು ಐವತ್ತಾರಕ್ಕೆ ಒತ್ತಿದ. ಎರಡೇ ನಿಮಿಷಕ್ಕೆ ಹಾನ್‌ಳ ಉತ್ತರ ಬಂತು. 'ಅಭಿನಂದನೆ. ಇಂದೇ ಬಟ್ಟೆ ಕತ್ತರಿಸಲು ಕೊಟ್ಟಿದ್ದೇನೆ. ಇನ್ನು ಬದಲಿಸಲಾಗದು.'

"ಗೆದ್ವಿ!" ಎಂದು ಆರ್ವೊ ಹೆಂಡತಿಯ ಭುಜ ಹಿಡಿದು ಅಲ್ಲಾಡಿಸಿದ. "ಸಂಘದೋರೆಲ್ಲ ಕಾಯ್ತಿದಾರೆ. ಮೊದಲು ಅವರು ಹಾಕ್ಕೊಳ್ಳಲಿ, ಅದನ್ನ ನೋಡಿ ಸುತ್ತಮುತ್ತಲ ಊರೋರೆಲ್ಲ ನಮ್ಮಂಗಡಿಗೆ ಬರ್ತಾರೆ."

ಅಷ್ಟರಲ್ಲಿ ಫೋನ್ ಕಿಣಿಕಿಣಿ ಅಂದಿತು. ಮಿರ್ಯಾ ಬರೆದಿದ್ದಳು: 'ನನ್ನ ತಂಗಿ ಓಡುವುದು ಬಿಟ್ಟಳು. ಶೂ ಬೇಡ.' ಮತ್ತೆ ಕಿಣಿಕಿಣಿ. ತೂಲಾ: 'ಟುರ್ಕು ಊರಿನ ನನ್ನ ಗೆಳತಿ ಈಜಲು ಸೇರಿದ್ದಾಳೆ. ಶೂ ಬೇಡ.' ಒಬ್ಬಳ ಅತ್ತಿಗೆ ಸ್ಪೇನಿಗೆ ಹೋದಳು, ಇನ್ನೊಬ್ಬಳ ಸೋದರತ್ತೆ ಕಾಲು ಮುರಿದುಕೊಂಡಳು. ಪಾದ್ರಿ ಹೆಲ್ವಿ ಮಾತ್ರ, 'ಬೇಡ ಆರ್ವೊ. ಕಾರಣ ಕೇಳಬೇಡ' ಎಂದಿದ್ದಳು. ಎಂಟಾದ ಮೇಲೆ ಒಂಬತ್ತನೆಯದು ಕೆರ್ಟುವಿನದು: 'ಚಿಕ್ಕಮ್ಮನಿಗೆ ಅಂದಿದ್ದೆನಲ್ಲ, ಚಿಕ್ಕಮ್ಮನ ಪಾದ ಸಣ್ಣಗಾಗಿದೆ.'

ಆರ್ವೊ ಫೋನನ್ನು ಇರ್ಮೆಲಿಯ ಮುಂದೆ ಹಿಡಿದು, ಬೆಳಗಿನಿಂದ ಎಲ್ಲೆಲ್ಲಿ ಅಲೆದೆನೆಂದು ಹೇಳಿದ.

"ಕೆರ್ಟುನ ಕೂರಿಸ್ಕೊಂಡು ಮನೆಮನೆಗೆ ಹೋಗಿ, 'ನಿಮ್ ಪಾದ ಅಗಲಾನಾ' ಅಂತ ಕೇಳಿದ್ಯಾ?" ಇರ್ಮೆಲಿ ಮೆಲ್ಲಗೆ ವಿಚಾರಿಸಿದಳು.

"ಕೇಳಿದೆ."

"ಅಲ್ಲ ಅಂತ ಆಣೆ ಮಾಡಿದ್ರಾ?"

"ಒಬ್ಬಳು ಬರ್ಕೊಡ್ತೀನಿ ಅಂದ್ಲು."

"ಇನ್ನು ಕೆಂಪು ಗೆರೆ ಶೂ ಹಾಕ್ಕೊಂಡು ಈ ಊರಲ್ಲಿ ಯಾರು ಓಡ್ತಾರೆ ಹೇಳು?"

ಆರ್ವೊ ನಾಲ್ಕು ಜೊತೆ ಕಾಲುಚೀಲದ ಕಾಲುಗಳನ್ನು ಎಳೆದುಕೊಂಡು ಬಂದು ಕುರ್ಚಿಯಲ್ಲಿ ಕುಸಿದ. ಇರ್ಮೆಲಿ ಎದ್ದು ಅವನಿಗೊಂದು ಕಪ್ ಕಾಫಿ ಬಗ್ಗಿಸಿದಳು. ಅವನು ಅದನ್ನು ನೋಡಿ ಕಣ್ಣು ಮುಚ್ಚಿಕೊಂಡ.

"ಆ ನಾನೂರರಲ್ಲಿ ನಲವತ್ತನೇ ನಂಬರು ಎಷ್ಟು ಜೊತೆ ಹೇಳಿದೀಯ?" ಎಂದಳು.

"ಅರವತ್ತೆರಡು."

ಇರ್ಮೆಲಿ ಬೆರಳು ಮಡಚಿ ಲೆಕ್ಕ ಹಾಕಿದಳು. "ವರ್ಷಕ್ಕೊಂದು ಜೊತೆ ಸವೆಸ್ತೀನಿ ಅಂತಿಟ್ಕೋ. ನಂಗೀಗ ಐವತ್ತಾರು" ಎಂದು ಅವನ ಬೆನ್ನು ತಟ್ಟಿದಳು. "ಯೋಚನೆ ಮಾಡ್ಬೇಡ. ನೂರ ಹದಿನೆಂಟು ವರ್ಷದ ತನಕ ಓಡ್ತೀನಿ."