ಮನೆಗೆ ಇನ್ನೊಬ್ಬ ಗಿಲ್ಬರ್ಟ್

ಮನುಷ್ಯನಿಗೆ ತನ್ನ ಹೆಸರಿನ ಮೇಲೆ ನಿಜವಾದ ಪ್ರೀತಿ ಹುಟ್ಟುವುದು ಅದನ್ನು ಇನ್ನೊಬ್ಬರ ತಲೆಗೆ ಕಟ್ಟುವ ಅವಕಾಶ ಸಿಕ್ಕಾಗ. ನನ್ನ ಹೆಸರು ಗಿಲ್ಬರ್ಟ್. ಅರವತ್ತು ವರ್ಷ ಅದನ್ನು ಹಳೇ ಕೊಡೆಯ ಹಾಗೆ ಹಿಡಿದುಕೊಂಡು ತಿರುಗಿದೆ, ವಿಶೇಷ ಅಭಿಮಾನವೇನೂ ಇರಲಿಲ್ಲ. ಈಚೆಗೆ ಮೊಮ್ಮಗ ಹುಟ್ಟಿದ ನೋಡಿ, ಕುವೈತಿನ ಫರ್ವಾನಿಯಾದ ನಮ್ಮ ಫ್ಲ್ಯಾಟಿನಲ್ಲಿ ನನಗೆ ಒಮ್ಮೆಲೇ ವಂಶದ ಚಿಂತೆ ಹತ್ತಿಕೊಂಡಿತು. ನಾವು ಮಂಗಳೂರಿನ ಕೊಂಕಣಿ ಕ್ರೈಸ್ತರು. ಚೊಚ್ಚಲ ಗಂಡುಮಗುವಿಗೆ ತಂದೆಯ ತಂದೆಯ ಹೆಸರಿಡುವುದು ನಮ್ಮಲ್ಲಿ ಪದ್ಧತಿ. ನನ್ನ ಅಜ್ಜನೂ ಗಿಲ್ಬರ್ಟ್, ನಾನೂ ಗಿಲ್ಬರ್ಟ್. ಹಾಗಾಗಿ ಈ ಮಗುವೂ ಗಿಲ್ಬರ್ಟ್ ಆಗಬೇಕಿತ್ತು. ಆದರೆ ಸೊಸೆ ಶೆರಲ್ 'ಏಡನ್' ಎಂಬ ಹೆಸರನ್ನು ಆಗಲೇ ಆರಿಸಿಟ್ಟಿದ್ದಳು. ಜ್ಞಾನಸ್ನಾನಕ್ಕೆ ಉಳಿದದ್ದು ಎರಡೇ ವಾರ.

"ನಮ್ಮಲ್ಲಿ ಪದ್ಧತಿ ಅಂತ ಒಂದುಂಟು," ಎಂದು ಗಂಟಲು ಸರಿಮಾಡಿಕೊಂಡು ಶುರುಮಾಡಿದೆ. ನನ್ನ ಹೆಂಡತಿ ಸೆವ್ರಿನ್ ಅಡುಗೆಮನೆಯಿಂದ ಬಗ್ಗಿ ನೋಡಿದಳು. "ಹೌದಾ ಮಾರಾಯ್ರೇ? ಹಾಗಾದರೆ ನಮ್ಮ ಮಗನಿಗೆ ನಿಮ್ಮ ಅಪ್ಪನ ಹೆಸರು ಮಾರ್ಸೆಲ್ ಅಂತ ಯಾಕೆ ಇಡಲಿಲ್ಲ? ಅದು ಹಳೇ ಫ್ಯಾಶನ್, ರೋಹನ್ ಅಂತ ಇಡುವ ಅಂತ ಹಟ ಹಿಡಿದದ್ದು ಯಾರು?" ಇಂಥದ್ದನ್ನೆಲ್ಲ ನೆನಪಿಟ್ಟುಕೊಳ್ಳುವ ಹೆಂಡತಿ ಇದ್ದ ಮನೆಯಲ್ಲಿ ಪದ್ಧತಿ ಉಳಿಯುವುದು ಕಷ್ಟ. ನಾನು ಪದ್ಧತಿಯನ್ನು ಬಿಟ್ಟು ಚರಿತ್ರೆಯನ್ನು ಹಿಡಿದೆ.

ಆಫೀಸಿನಲ್ಲಿ ಚಾಯ್ ಹೊತ್ತಿಗೆ ಮೊಬೈಲ್ ತೆರೆದು ಕೂತರೆ, ಅಬ್ಬಬ್ಬಾ, ಎಂಥೆಂಥ ಗಿಲ್ಬರ್ಟರು! ಫ್ರಾನ್ಸಿನ ಉತ್ತರ ಕರಾವಳಿಯ ನಾರ್ಮನ್ನರು ಇಂಗ್ಲೆಂಡನ್ನು ಗೆಲ್ಲಲು ಹೊರಟಾಗ ಕತ್ತಿ, ಕುದುರೆಗಳ ಜೊತೆ ಈ ಹೆಸರನ್ನೂ ಹಡಗಿಗೆ ಹಾಕಿಕೊಂಡು ಹೋದರಂತೆ. ಒಬ್ಬ ಗಿಲ್ಬರ್ಟ್ ಬಾಲಕ ಡ್ಯೂಕನಿಗೆ ಕಾವಲು ನಿಂತು ಕೊಲೆಯಾದ. ಇನ್ನೊಬ್ಬ ಕೆಂಪು ಕೂದಲಿನ ಸರದಾರ, ಒಮ್ಮೆ ರಾಜನ ಪರ, ಇನ್ನೊಮ್ಮೆ ರಾಜನ ವಿರುದ್ಧ. ಮತ್ತೊಬ್ಬ ಮಠ ಕಟ್ಟಿ, ನೂರರ ಹತ್ತಿರ ಬದುಕಿ ಸಂತನಾದ. ಮೂವತ್ತು ವರ್ಷದಿಂದ ಕುವೈತಿನಲ್ಲಿ ಫೈಲು ಜೋಡಿಸುತ್ತಿರುವ ನನ್ನನ್ನೂ ಆ ಸಾಲಿನ ಕೊನೆಯಲ್ಲಿ ನಿಲ್ಲಿಸಿ ನೋಡಿದೆ. ಕೂದಲೊಂದು ಬಿಟ್ಟರೆ ಹೆಚ್ಚಿನ ವ್ಯತ್ಯಾಸ ಕಾಣಲಿಲ್ಲ.

ಶುಕ್ರವಾರ ಊಟವಾದ ಮೇಲೆ ಇದನ್ನೆಲ್ಲ ಮನೆಯವರ ಮುಂದೆ ಬಿಚ್ಚಿಟ್ಟೆ. ಮಗ ರೋಹನ್ ಇಲ್ಲೇ ಬೆಳೆದವ. ನಾವು ಹೇಳಿದ್ದು ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ಅವನೂ ಮೊಬೈಲ್ ತೆಗೆದ. "ಡ್ಯಾಡಿ, ಲಿಸನ್," ಎಂದು ಓದಿ ತಿಳಿಸಿದ್ದೇನೆಂದರೆ, ಮುಂದೆ ಅದೇ ಇಂಗ್ಲೆಂಡಿನಲ್ಲಿ ಗಿಲ್ಬರ್ಟನ್ನು ಗಿಡ್ಡ ಮಾಡಿ 'ಗಿಬ್' ಎಂದು ಗಂಡು ಬೆಕ್ಕುಗಳಿಗೂ ಇಡುತ್ತಿದ್ದರು. ಸೆವ್ರಿನ್‌ಗೆ ನಗು ನಿಲ್ಲಿಸಲು ನೀರು ಕುಡಿಯಬೇಕಾಯಿತು. "ಅರ್ಥ ಎಂತ, ಅದನ್ನಾದರೂ ನೋಡು," ಎಂದೆ. ಅದೂ ಬಂತು. ಮೊದಲರ್ಧಕ್ಕೆ ಒತ್ತೆ, ಉಳಿದರ್ಧಕ್ಕೆ ಹೊಳಪು. ಕೊಟ್ಟ ಮಾತು ತಪ್ಪುವುದಿಲ್ಲ ಎನ್ನುವುದಕ್ಕೆ ಹಿಂದೆ ದೊಡ್ಡ ಮನೆತನದವರು ಮಗನನ್ನೇ ಇನ್ನೊಬ್ಬರ ಅರಮನೆಯಲ್ಲಿ ಒತ್ತೆ ಬಿಟ್ಟು ಬರುತ್ತಿದ್ದರಂತೆ.

"ಬೆಕ್ಕಾದರೂ ಸಹಿಸಿಕೊಂಡೇನು ಪಪ್ಪಾ, ನನ್ನ ಮಗುವನ್ನು ಒತ್ತೆ ಇಡುವ ಹೆಸರು ಬೇಡ," ಎಂದಳು ಶೆರಲ್. ಅಲ್ಲಿಗೆ ಚರಿತ್ರೆಯೂ ಖಲಾಸ್.

ಕೊನೆಗೆ ನಿಜವನ್ನೇ ಹೇಳಿದೆ. "ಮುಂದಿನ ತಿಂಗಳು ರಾಜೀನಾಮೆ ಕೊಟ್ಟು ನಾವಿಬ್ಬರೂ ಊರಿಗೆ ಹೋಗ್ತೇವೆ. ಹೋದ ಮೇಲೂ ಈ ಮನೆಯಲ್ಲಿ ಯಾರಾದರೂ ಆ ಹೆಸರು ಕರೀಲಿ ಅಂತ ಆಸೆ, ಅಷ್ಟೇ." ಹೇಳಿದ್ದು ನಾಟಕವಲ್ಲ, ಮೊಮ್ಮಗನಿಗೆ ನಾನು ಬರೀ ವೀಡಿಯೊ ಕಾಲಿನ ಮುದುಕನಾಗಿಬಿಡುತ್ತೇನೆಂದು ನಿಜಕ್ಕೂ ಹೆದರಿಕೆಯಾಗಿತ್ತು.

ಶೆರಲ್ ಆಸ್ಪತ್ರೆಯಲ್ಲಿ ನರ್ಸ್. ಹೆರಿಗೆ ರಜೆ ಮುಗಿಯುತ್ತ ಬಂದಿತ್ತು. ಮಗುವನ್ನು ಹೆಗಲಿಗೆ ಹಾಕಿಕೊಂಡು ಬೆನ್ನು ತಟ್ಟಿದಳು. "ಆಯ್ತು ಪಪ್ಪಾ, ಗಿಲ್ಬರ್ಟ್ ಅಂತಲೇ ಇಡುವ. ಆದರೆ ಒಂದು ಕಂಡೀಶನ್. ಇವನು ಶಾಲೆಗೆ ಹೋಗುವವರೆಗೆ ನೀವು ಕೆಲಸ ಬಿಡಬಾರದು."

ನನ್ನ ಕಣ್ಣು ತುಂಬಿತು. ಮೊಮ್ಮಗನ ಹೆಸರಿಗೆ ಅಜ್ಜನೇ ಒತ್ತೆ! ಹಿಂದಿನ ಯಾವ ಗಿಲ್ಬರ್ಟಿಗೂ ಇಂಥ ಮರ್ಯಾದೆ ಸಿಕ್ಕಿರಲಾರದು. "ನಾನು ಅಷ್ಟೂ ಬೇಕಾ ಮಗಾ?" ಎಂದೆ.

"ಬೇಕೇ ಬೇಕು. ನಿಮ್ಮ ಕೆಲಸದ ಇಕಾಮಾ ಇದ್ದರೆ ತಾನೇ ಮಮ್ಮಿಗೆ ಈ ದೇಶದಲ್ಲಿ ಇರಲು ಪರವಾನಗಿ? ಮಮ್ಮಿ ಹೋದರೆ ಮಗುವನ್ನು ಯಾರು ನೋಡಿಕೊಳ್ಳುವುದು?"

ಸೆವ್ರಿನ್ ಮುಖದಲ್ಲಿ ಕಂಡ ಬೆಳಕನ್ನು ಆ ಮನೆಯಲ್ಲಿ ನಾನು ಬಹಳ ದಿನದಿಂದ ನೋಡಿರಲಿಲ್ಲ. ಒಪ್ಪಿದೆ. ಒಪ್ಪುವುದು ಅಂಥ ಕಷ್ಟವೂ ಆಗಲಿಲ್ಲ, ನಿಮಗೆ ಮಾತ್ರ ಹೇಳುತ್ತೇನೆ. ಆ ರಾಜೀನಾಮೆ ಪತ್ರ ಏಳು ವರ್ಷದಿಂದ ನನ್ನ ಡ್ರಾವರಿನಲ್ಲಿದೆ. ವರ್ಷಕ್ಕೊಮ್ಮೆ ತಾರೀಕು ಬದಲಾಯಿಸಿ ಅಲ್ಲೇ ಮಲಗಿಸುತ್ತೇನೆ.

ಜ್ಞಾನಸ್ನಾನ ಚೆನ್ನಾಗಿಯೇ ಆಯಿತು. ಪಾದ್ರಿಗಳು "ಗಿಲ್ಬರ್ಟ್" ಎಂದು ಕರೆದಾಗ ಮಗು ಇಗರ್ಜಿ ಕಿತ್ತುಹೋಗುವ ಹಾಗೆ ಅತ್ತಿತು. ತೊಂದರೆ ಶುರುವಾದದ್ದು ಆಮೇಲೆ. ಒಂದು ಮನೆ, ಇಬ್ಬರು ಗಿಲ್ಬರ್ಟರು, ಕರೆದರೆ ಯಾರನ್ನು ಕರೆದದ್ದೆಂದು ತಿಳಿಯದು. ಒಬ್ಬರ ಹೆಸರನ್ನು ಗಿಡ್ಡ ಮಾಡಲೇಬೇಕು ಎಂದು ಮನೆಯವರೆಲ್ಲ ಸೇರಿ ತೀರ್ಮಾನಿಸಿದರು. ಮಗುವಿನದು ಹಾಗೇ ಉಳಿಯಿತು. "ಗಿಬ್, ಮೀನು ಹುರಿದಾಯ್ತು," ಎಂದು ಸೆವ್ರಿನ್ ಅಡುಗೆಮನೆಯಿಂದ ಕೂಗಿದರೆ, ನಾನು ತಪ್ಪದೆ ಎದ್ದು ಹೋಗುತ್ತೇನೆ.